ಮರಳು ಕಟ್ಟಿದ ಅಳಿವೆ

ಫೆಬ್ರುವರಿಯ ಒಂದು ಮಂಗಳವಾರ, ಬೆಳಗಿನ ಆರೂವರೆಗೆ, ರಾಮಮೂರ್ತಿ ನಗರದ ಮೂರನೇ ಕ್ರಾಸಿನ ನಲ್ಲಿಗಳಲ್ಲಿ ಹಸಿರು ನೀರು ಬಂತು.

ಅದು ಪಾಚಿಯ ಹಸಿರಲ್ಲ. ಗಿಳಿಮರಿಯ ರೆಕ್ಕೆಯಂತೆ ಎಳೆಯದಾದ, ಬಿಸಿಲು ತಾಗಿದೊಡನೆ ಒಳಗಿನಿಂದಲೇ ಬೆಳಗುವ ಹಸಿರು. ಲಕ್ಷ್ಮಿದೇವಿ ತುಂಬಿದ ಕೊಡವನ್ನು ಬೀದಿಯ ನಡುವೆ ತಂದಿಟ್ಟು, ಎರಡೂ ಕೈಗಳನ್ನು ಸೊಂಟದ ಮೇಲಿರಿಸಿಕೊಂಡು ನಿಂತಳು.

"ಏನಪ್ಪ ಕೆಂಪರಾಜು, ಇದ್ ನೀರಾ, ಇಲ್ಲ ಹೋಳಿ ಬಣ್ಣಾನಾ? ಕುಡಿಯೋದಾ, ಎರಚಾಡೋದಾ?"

ಕೆಂಪರಾಜ ಕೊಡದೊಳಕ್ಕೆ ಬಗ್ಗಿ ನೋಡಿದ. ಅವನು ಆ ಭಾಗದ ವಾಟರ್‌ಮ್ಯಾನ್. ಆಳೆತ್ತರದ ಕಬ್ಬಿಣದ ಚಾವಿಯನ್ನು ಹೆಗಲ ಮೇಲಿಟ್ಟುಕೊಂಡು ನಡೆದು, ಬೀದಿಬೀದಿಯ ಮುಚ್ಚಳ ತೆಗೆದು, ವಾಲ್ವ್ ತಿರುಗಿಸಿ, ಈ ಸಾಲಿಗೆ ಎರಡು ಗಂಟೆ, ಆ ಸಾಲಿಗೆ ಎರಡು ಗಂಟೆ ಎಂದು ಕಾವೇರಿಯನ್ನು ಹಂಚುವುದು ಅವನ ಕಾಯಕ. ಇದೇ ನೆಲ ಹಳ್ಳಿಯಾಗಿದ್ದ ಕಾಲದಲ್ಲಿ ಅವನ ತಾತ ಮುನಿವೆಂಕಟಪ್ಪನವರು ಊರಕೆರೆಯ ನೀರುಗಂಟಿಯಾಗಿದ್ದರು. ತೂಬು ತೆರೆದು ಗದ್ದೆಗದ್ದೆಗೂ ಸರದಿಯ ನೀರು ಬಿಟ್ಟವರು. ಗದ್ದೆಗಳು ಹೋಗಿ ಬಾಡಿಗೆಯ ಮನೆಗಳು ಎದ್ದವು. ಹಂಚುವ ಕೆಲಸ ಮಾತ್ರ ಆ ವಂಶವನ್ನು ಬಿಟ್ಟು ಹೋಗಲಿಲ್ಲ.

ಅವನು ಮೊದಲು ವಾಲ್ವ್ ಮುಚ್ಚಿದ. ಬಳಿಕ ನೋಡಿದರೆ ಮನೆಗಳ ಹಿಂದಿನ ರಾಜಕಾಲುವೆಯೂ ಹಸಿರು. ಆ ಜಾಡನ್ನು ಹಿಡಿದು ಮೇಲಕ್ಕೆ ನಡೆದ.

ಕಾಲುವೆಯ ಕಿರುಸೇತುವೆಯ ಮೇಲೆ ಒಬ್ಬ ತರುಣಿ ಮಂಡಿಯೂರಿ ಕುಳಿತಿದ್ದಳು. ತಲೆಗೆ ಬಿಳಿಯ ಹೆಲ್ಮೆಟ್, ಕೈಯಲ್ಲಿ ಸ್ಟಾಪ್‌ವಾಚ್. ಬೆರಳುಗಳು ಬುಡದವರೆಗೂ ಹಸಿರಾಗಿದ್ದವು. ಪಕ್ಕದಲ್ಲಿ ಆಟೋ ನಿಲ್ಲಿಸಿಕೊಂಡ ನಡುವಯಸ್ಸಿನವನೊಬ್ಬ ಖಾಲಿ ಬಾಟಲಿಯನ್ನು ಮಗುವಿನಂತೆ ಎತ್ತಿ ಹಿಡಿದಿದ್ದ.

"ಏನ್ರೀ ಇದು? ಯಾರ್ ಹೇಳಿದ್ರು ನಿಮ್ಗೆ ಬಣ್ಣ ಸುರಿಯೋಕೆ?"

"ಒಂದ್ ನಿಮಿಷ ತಡೀರಿ. ಎಣಸಾಕತ್ತೇನಿ."

"ನಾನ್ ಏನ್ ಕೇಳ್ತಿದೀನಿ, ನೀವ್ ಏನ್ ಎಣಿಸ್ತಿದೀರ?"

"ಸೆಕೆಂಡು. ಇದು ಇವತ್ತಿನ ಎರಡನೇ ಬಾಟ್ಲಿ. ನಲವತ್ತೊಂದು, ನಲವತ್ತೆರಡು… ನೀವು ಮಾತಾಡಿದ್ರ ತಪ್ತೈತ್ರಿ."

ಆಟೋದವನು ಸಮಾಧಾನದ ಸ್ವರದಲ್ಲಿ ಹೇಳಿದ: "ಭಾಯ್, ಮೇಡಂ ಎಣಿಸೋವಾಗ ಮಾತಾಡ್ಬಾರ್ದು. ಹೋದ್ ವಾರ ನಾನ್ ಮಾತಾಡ್ಬಿಟ್ಟು, ಎರಡನೇ ಸಲ ಸುರೀಬೇಕಾಯ್ತು. ನಂದು ಲತೀಫ್, ಶಿವಾಜಿನಗರ."

"ನಲ್ಲೀಲಿ ಬರ್ತಿದೆ ಕಣ್ರೀ ನಿಮ್ ಬಣ್ಣ!"

ಅವಳ ಹೆಬ್ಬೆರಳು ಗಡಿಯಾರದ ಗುಂಡಿಯ ಮೇಲೆ ನಿಂತುಬಿಟ್ಟಿತು. ಮೊದಲ ಬಾರಿಗೆ ತಲೆಯೆತ್ತಿದಳು. ದೊಡ್ಡ ಕಣ್ಣುಗಳು, ಆ ಕಣ್ಣುಗಳಲ್ಲಿ ಅಪರಾಧಿಯ ಭಯವಿರಲಿಲ್ಲ, ಬೇರೊಬ್ಬರಿಗಾಗಿ ಪಡುವ ಗಾಬರಿಯಿತ್ತು.

"ನಲ್ಲಿಯೊಳಗ? ಕುಡಿಯೋ ನೀರಿನೊಳಗ?"

"ಹೂಂ. ಮೂರನೇ ಕ್ರಾಸ್ ಪೂರ್ತಿ."

"ಬಣ್ಣಕ್ಕ ಹೆದರಬ್ಯಾಡ್ರಿ. ಕಣ್ಣಿನ ಡಾಕ್ಟ್ರು ಇದನ್ನ ಕಣ್ಣಿಗೇ ಹಾಕ್ತಾರ. ಈ ಕಾಲುವಿ ನೀರು ಎಲ್ಲಿಗೆ, ಎಷ್ಟು ಹೊತ್ತಿನಾಗ ಹೋಗ್ತೈತಿ ಅಂತ ಅಳಿಯಾಕ ಹಾಕಿದ್ದು. ಆದ್ರ…" ಅವಳು ಎದ್ದು ನಿಂತಳು. "ನಿಮ್ಮ ಪೈಪು ಕಾಲುವಿ ಕೆಳಗ ಒಡದೈತಿ. ಇವತ್ತು ನನ್ನ ಹಸರು ಬಂತು ಅಂತ ಕಾಣಸ್ತು. ಇಷ್ಟ್ ದಿನ ಅದೇ ದಾರಿಯಾಗ ಏನ್ ಬರ್ತಿತ್ತು, ವಿಚಾರ ಮಾಡ್ರಿ."

ಕೆಂಪರಾಜನ ಕೋಪ ಇಳಿದುಹೋಯಿತು. ಮೂರು ತಿಂಗಳಿಂದ ಆ ಕ್ರಾಸಿನ ಮನೆಗಳಲ್ಲಿ ಹೊಟ್ಟೆನೋವು, ವಾಂತಿ. ಹೋಟೆಲಿನ ಊಟವನ್ನು, ಚಳಿಯನ್ನು, ದೃಷ್ಟಿಯನ್ನು ಜನ ದೂರಿದ್ದರು. ತಾನು ಹಂಚಿದ ನೀರನ್ನು ಯಾರೂ ದೂರಿರಲಿಲ್ಲ, ತಾನೂ ದೂರಿರಲಿಲ್ಲ.

ಮಧ್ಯಾಹ್ನದ ಹೊತ್ತಿಗೆ ನೆಲ ಅಗೆದು ಬಿರುಕನ್ನು ಕಂಡರು. ಅವಳು ಗುಂಡಿಯೊಳಗೆ ಬಗ್ಗಿ ಬೆರಳಿಟ್ಟು ತೋರಿಸುವಾಗ ಜಾರಿದಳು. ಅವನು ಕೈ ಚಾಚಿದ. ಅವನ ಬಿಳಿಯಂಗಿಯ ತೋಳಿನ ತುದಿಯಲ್ಲಿ ನಾಲ್ಕು ಹಸಿರು ಬೆರಳುಗಳು ಮೂಡಿದವು.

"ಅಯ್ಯ! ಅಂಗಿ ಕೆಡಸಿದೆ ನೋಡ್ರಿ."

"ಪರವಾಗಿಲ್ಲ. ನೀವ್ ಇವತ್ತು ಬರ್ದೇ ಇದ್ದಿದ್ರೆ…"

"ಥ್ಯಾಂಕ್ಸ್ ಹೇಳಾಕತ್ತೀರೇನು? ಮುಖ ನೋಡಿದ್ರ ಫೈನ್ ಹಾಕೋರಂಗ ಕಾಣ್ತೀರಿ."

ಅವನಿಗೆ ನಗು ಬಂತು. ಆ ನಗುವನ್ನು ಅವಳು ಹೆಲ್ಮೆಟ್ಟಿನ ಅಂಚಿನ ಕೆಳಗಿನಿಂದ, ಅಳತೆಗೋಲನ್ನು ಓದುವವಳಂತೆ ಕಣ್ಣು ಕಿರಿದಾಗಿಸಿ, ತುಸು ಹೆಚ್ಚು ಹೊತ್ತೇ ನೋಡಿದಳು.

ಹೆಸರು ಗೌತಮಿ. ಹಾವೇರಿಯ ಕಡೆಯವಳು, ವರದೆಯು ತುಂಗಭದ್ರೆಯನ್ನು ಕೂಡುವ ಗಳಗನಾಥದಲ್ಲಿ ಆಡಿ ಬೆಳೆದವಳು. ಇಂದಿರಾನಗರದ ಒಂದು ಕಚೇರಿಯಲ್ಲಿ ನದೀಪಾತ್ರಗಳ ಅಧ್ಯಯನ ಅವಳ ಉದ್ಯೋಗ. ರಿಚರ್ಡ್ಸ್ ಟೌನಿನ ಹಳೆಯ ಮನೆಯೊಂದರ ಹಿಂಗೋಣೆ ಅವಳ ವಾಸ. ನಗರದ ಪೂರ್ವಕ್ಕೆ ಬಿದ್ದ ಮಳೆ ಯಾವ ದಾರಿಯಲ್ಲಿ ದಕ್ಷಿಣ ಪಿನಾಕಿನಿಯನ್ನು ಸೇರುತ್ತದೆಂಬುದನ್ನು ಅವಳು ನಕ್ಷೆಯಾಗಿ ಬರೆಯಬೇಕಿತ್ತು. ಹಳೆಯ ಕಾಲುವೆಗಳನ್ನು ಬಲ್ಲವರು ಬೇಕಾಗಿದ್ದರು.

"ನಮ್ ತಾತ ಇದಾರೆ," ಎಂದ ಕೆಂಪರಾಜ. ಹೇಳಿದ ಮೇಲೆ, ಇಷ್ಟು ಬೇಗ ಹೇಳಬಾರದಿತ್ತೇನೋ ಎನಿಸಿತು.

*

ಎಂಬತ್ತನಾಲ್ಕರ ಮುನಿವೆಂಕಟಪ್ಪನವರು ಕಾಗದದ ಮೇಲೆ ಬರೆಯಲೊಪ್ಪಲಿಲ್ಲ. ಚೊಂಬಿನಲ್ಲಿ ಬೆರಳದ್ದಿ, ಕೆಂಪು ಗಾರೆಯ ನೆಲದ ಮೇಲೆ ನೀರಿನಲ್ಲಿಯೇ ಕಾಲುವೆಗಳನ್ನು ಬರೆದರು.

"ಇಲ್ಲಿ ತೂಬು. ಇದು ದೊಡ್ ಕಾಲ್ವೆ. ಇಲ್ಲಿ ಹುಣಸೇಮರ ಇತ್ತು, ಈಗ ಜಿಮ್ಮೋ ಪಮ್ಮೋ ಮಾಡವ್ರೆ. ಇಲ್ಲಿಂದ ಕಲ್ಕೆರೆ. ಅಲ್ಲಿಂದ ಎಲೆಮಲ್ಲಪ್ಪಶೆಟ್ಟಿ ಕೆರೆ. ಅಲ್ಲಿ ಕೋಡಿ ಬಿದ್ರೆ ಹೊಳೆ."

ಮಾರ್ಚಿನ ಬಿಸಿಲು ಬಾಗಿಲಲ್ಲಿತ್ತು. ಬರೆದ ಕಾಲುವೆ ಕಣ್ಣೆದುರೇ ಆರಿಹೋಗುತ್ತಿತ್ತು. ಗೌತಮಿ ಮೊಣಕಾಲಿನ ಮೇಲೆ ಪುಸ್ತಕವಿಟ್ಟು, ಆರುವ ಮುನ್ನ ಗೀಚಿಕೊಳ್ಳಲು ಹೆಣಗುತ್ತಿದ್ದಳು.

"ಅಜ್ಜಾರ, ಸಾವಕಾಶ ಬರೀರಿ! ನಿಮ್ಮ ಕೆರಿ ಒಣಗಿತು."

"ನೀರಿನ್ ಕೆಲ್ಸ ನೀರಿನ್ ವೇಗದಲ್ಲೇ ಕಲೀಬೇಕಮ್ಮ," ಎಂದು ಮುದುಕರು ಗಹಗಹಿಸಿದರು. "ಆಮೇಲೆ ಎತ್ಲಾಗ್ ಹೋಗ್ತದೋ ನಂಗೊತ್ತಿಲ್ಲ. ಅಲ್ಲಿಂದಾಚೆದು ನಂಗೆ ಬೇಡ."

"ಯಾಕ್ರಿ?"

ತಾತ ಮೊಮ್ಮಗನ ಮುಖ ನೋಡಿದರು. ಕೆಂಪರಾಜನೇ ಹೇಳಬೇಕಾಯಿತು.

"ನಮ್ ಮನೇಲಿ ಒಂದ್ ಕಟ್ಟಳೆ. ನೀರು ಹಂಚೋನು ನೀರಿನ ಕೊನೆ ನೋಡ್ಬಾರ್ದು. ಅಂದ್ರೆ ಸಮುದ್ರ. ಹಿಂದೆ ನಮ್ ಮುತ್ತಾತನ ಮುತ್ತಾತ ಯಾರೋ ಯಾತ್ರೆಗೆ ಹೋಗಿ ನೋಡ್ಕೊಂಡ್ ಬಂದ್ರಂತೆ. ಅಷ್ಟೊಂದು ನೀರು ಅಷ್ಟು ಸುಮ್ನೆ ಹೋಗೋದನ್ನ ಕಂಡು, ವಾಪಸ್ ಬಂದ್ಮೇಲೆ ಅವ್ರಿಗೆ ತೂಬು ಮುಚ್ಚೋಕೇ ಮನಸ್ಸು ಬರ್ಲಿಲ್ವಂತೆ. ಕೇಳಿದೋರಿಗೆಲ್ಲ ಕೇಳಿದಷ್ಟು ಬಿಟ್ರು. ಮಾಘದಲ್ಲೇ ಕೆರೆ ಖಾಲಿ. ಊರು ಒಣಗೋಯ್ತು."

"ಕೈಗೆ ಅಳತೆ ಹೋಗ್ಬಿಡ್ತದಮ್ಮ," ಎಂದರು ತಾತ. "ಇವ್ನು ಕೆಲ್ಸಕ್ಕೆ ಸೇರಿದ್ ದಿನ ಗಂಗಮ್ಮನ್ ಮುಂದೆ, ತೂಬಿನ ಕಲ್ ಮೇಲೆ ಕೈ ಇಡ್ಸಿ ಮಾತ್ ತಗೊಂಡಿವ್ನಿ."

ಗೌತಮಿ ನಗಲಿಲ್ಲ. ಪುಸ್ತಕದಲ್ಲಿ ಹೊಳೆಯವರೆಗೆ ಬರೆದ ರೇಖೆಯ ತುದಿಯಲ್ಲಿ ಪೆನ್ಸಿಲನ್ನು ನಿಲ್ಲಿಸಿಕೊಂಡು, ಕೆಂಪರಾಜನನ್ನು ಒಮ್ಮೆ ನೋಡಿ, ದೃಷ್ಟಿಯನ್ನು ಮತ್ತೆ ಕಾಗದಕ್ಕಿಳಿಸಿದಳು.

*

ಆ ಬೇಸಗೆಯಲ್ಲಿ ಶನಿವಾರಗಳು ಬೇಗ ಬೇಗ ಬಂದವು. ಅವಳು ಮುಂದೆ, ಅಳತೆಯ ಕೋಲು ಹಿಡಿದು. ಅವನು ಹಿಂದೆ, ಅವಳ ಚೀಲ ಹೊತ್ತು. ದಡದ ರಸ್ತೆಯಲ್ಲಿ ಆಟೋ ಉರುಳಿಸಿಕೊಂಡು ಲತೀಫ. ಕಾಲುವೆ ದುರ್ಗಂಧ ಬೀರುವಲ್ಲಿ ಅವಳು ದುಪಟ್ಟದ ತುದಿಯನ್ನು ಮೂಗಿಗೆ ಸುತ್ತಿಕೊಳ್ಳುತ್ತಿದ್ದಳು. ಆಗ ಕಣ್ಣುಗಳಷ್ಟೇ ಉಳಿಯುತ್ತಿದ್ದವು. ಆ ಹೊತ್ತಿನಲ್ಲಿ ಕೆಂಪರಾಜನು ದುರ್ಗಂಧಕ್ಕೆ ಕೃತಜ್ಞನಾಗಿರುತ್ತಿದ್ದ.

ಮೇ ತಿಂಗಳ ಒಂದು ಸಂಜೆ ಹಲಸೂರು ಕೆರೆಯ ದಂಡೆಯಲ್ಲಿ ಕಡಲೆಕಾಯಿ ತಿನ್ನುತ್ತ ಕುಳಿತಿದ್ದರು. ಕೆರೆಯ ಮೇಲೆ ಗಾಳಿಗೆ ನಿಲುವೇ ಇರಲಿಲ್ಲ. ಅವಳ ಮುಂಗುರುಳಿಗೂ ಇರಲಿಲ್ಲ.

"ಸೋಮೇಶ್ವರನ ಗುಡೀಲಿ ಪುರಾಣ ಹೇಳೋ ಶಾಸ್ತ್ರಿಗಳು ಹೇಳ್ತಿದ್ರು," ಎಂದ ಕೆಂಪರಾಜ. "ಸಮುದ್ರಕ್ಕೆ ಸರಿತ್ಪತಿ ಅಂತ ಹೆಸರಂತೆ. ನದಿಗಳ ಗಂಡ."

"ಎಷ್ಟು ನದಿಗ್ರಿ?"

"ಎಲ್ಲಾದಕ್ಕೂ."

"ಅಬ್ಬಾ! ಕುಂತಲ್ಲೇ ಕುಂತು, ಎಲ್ಲಾರೂ ನಡಕೊಂಡ್ ಬರ್ಲಿ ಅನ್ನೋ ಗಂಡ. ನಮ್ಮ ಬಾಸ್ ಇದ್ದಂಗ." ಅವಳು ಸಿಪ್ಪೆಯನ್ನು ಅವನ ಅಂಗೈಗೆ ಹಾಕಿದಳು. "ನಿಮ್ಮ ಶಾಸ್ತ್ರಿಗಳಿಗೆ ಹೇಳ್ರಿ, ಅಳಿವಿಯೊಳಗ ಹಂಗ ನಡಿಯಂಗಿಲ್ಲ."

"ಅಳಿವೆ ಅಂದ್ರೆ?"

"ನದಿ ಸಮುದ್ರಕ್ಕ ಸೇರೋ ಬಾಯಿ. ಕರಾವಳಿಯಾಗ ಹಂಗಂತಾರ. ಅಲ್ಲಿ ದಿನಕ್ಕ ಎರಡ್ ಸಲ ಭರತ ಏರ್ತೈತಿ. ಆಗ ಸಮುದ್ರನ ಎದ್ದು ನದಿಯೊಳಗ ನಡಕೊಂಡ್ ಬರ್ತೈತಿ. ಉಪ್ಪು, ಸಿಹಿ ಎರಡೂ ಒಂದರೊಳಗ ಒಂದು. ಯಾವುದು ಯಾವುದು ಅಂತ ಮೀನಿಗೂ ಗೊತ್ತಾಗಂಗಿಲ್ಲ."

ಅವನು ಅಂಗೈಯ ಸಿಪ್ಪೆಗಳನ್ನೇ ನೋಡುತ್ತಿದ್ದ.

"ಇನ್ನೊಂದ್ ಹೇಳ್ಲೇನು?" ಎಂದಳು. "ನೀವು ಹಂಚೋದು ಕಾವೇರಿ. ಆಕಿ ಪೂಂಪುಹಾರಿನ ಹತ್ರ ಸಮುದ್ರ ಸೇರ್ಬೇಕಾದಾಕಿ. ನೀವು ವಾಲ್ವ್ ತಿರುಗಸ್ತೀರಿ. ಆಕಿ ಅಡಿಗಿಮನಿ, ಬಚ್ಚಲಮನಿ ಹಾದು ಈ ಕಾಲುವಿಗೆ ಬೀಳ್ತಾಳ. ಅಲ್ಲಿಂದ ಪಿನಾಕಿನಿ ಆಗಿ ತಮಿಳುನಾಡಿನ ಕಡಲೂರಿನ ಹತ್ರ ಸಮುದ್ರಕ್ಕ ಹೋಗ್ತಾಳ. ದಿನಾ ಬೆಳಗ್ಗೆ ನಿಮ್ಮ ಕೈಯಾಗ ಒಂದು ನದಿ ತನ್ನ ಹಾದಿ ಬದಲಸ್ತೈತಿ, ವಾಲ್ವ್ ಸಾಹೇಬ್ರ."

"ತಪ್ಪಲ್ವಾ ಅದು?"

"ತಪ್ಪು ಯಾಕ? ಮದುವಿ ಆಗಿ ಬ್ಯಾರೆ ಮನಿಗೆ ಹೋದಂಗ."

ಆ ಮಾತು ಬಾಯಿಂದ ಹೊರಟ ಮೇಲೆ ಅವಳಿಗೇ ಕೇಳಿಸಿತು. ಕಿವಿಯ ತುದಿ ಕೆಂಪಾಯಿತು. ಅವಳು ಕೆರೆಯ ನಡುಗಡ್ಡೆಯತ್ತ ನೋಡಿದಳು. ಅವನು ಅವಳ ಕಿವಿಯತ್ತ ನೋಡಿದ. ಒಂದು ಕಡಲೆಕಾಯಿ ಇಬ್ಬರ ನಡುವೆ ಕಲ್ಲಿನ ಮೇಲೆ ಉರುಳಿತು. ಇಬ್ಬರೂ ಅದಕ್ಕೆ ಕೈ ಹಾಕಿದರು, ಇಬ್ಬರೂ ತೆಗೆದುಕೊಳ್ಳಲಿಲ್ಲ.

*

ಜೂನ್ ಮೊದಲ ವಾರದಲ್ಲಿ ಅವಳು ಇಂದಿರಾನಗರದ ದರ್ಶಿನಿಯೊಂದಕ್ಕೆ ಅವನನ್ನು ಕರೆದಳು. ಮೇಲೆ ಮೆಟ್ರೋ ಹಾದುಹೋದಾಗಲೆಲ್ಲ ಕಾಫಿಯ ಲೋಟ ನಡುಗುತ್ತಿತ್ತು.

"ನನ್ನ ಕಡಲೂರಿಗೆ ಹಾಕ್ಯಾರ. ಪಿನಾಕಿನಿ ಅಳಿವಿ ಹತ್ರ ಅಳತಿ ಕೇಂದ್ರ ಮಾಡಾಕತ್ತಾರ. ಮೂರು ವರ್ಷ."

ಅವನು ಲೋಟವನ್ನು ಎತ್ತಿ, ಕುಡಿಯದೆ ಇಟ್ಟ.

"ಅಪ್ಪಾರು ಗಂಡು ನೋಡಾಕತ್ತಾರ," ಎಂದಳು ಗೌತಮಿ. ಈಗ ಅವಳ ಮಾತಿನಲ್ಲಿ ಹಾಸ್ಯವಿರಲಿಲ್ಲ. "ದಸರಾದೊಳಗ ಹೇಳ್ತೇನಿ ಅಂದೇನಿ. ಯಾರನ್ನ ಹೇಳ್ಬೇಕು ಅಂತ ನನಗ ಗೊತ್ತೈತಿ. ಆತಗೂ ಗೊತ್ತೈತೋ ಇಲ್ಲೋ."

"ಗೊತ್ತಿದೆ," ಎಂದ ಕೆಂಪರಾಜ. "ಫೆಬ್ರುವರಿಯಿಂದ ಗೊತ್ತಿದೆ."

ಅವಳು ಕಣ್ಣು ಮುಚ್ಚಿ ತೆರೆದಳು. "ಹಂಗಾದ್ರ ಕೇಳ್ರಿ. ಮದುವಿ ಆದ್ಮ್ಯಾಲೆ ನೀವು ಕೆಲಸ ಬಿಡಬ್ಯಾಡ್ರಿ. ಅಜ್ಜಾರನ್ನೂ ಬಿಡಬ್ಯಾಡ್ರಿ. ನಾನೇ ಬಂದು ಹೋಗ್ತೇನಿ. ಆದ್ರ ಒಂದ ಸಲ, ಒಂದ ಒಂದ್ ಸಲ, ನೀವು ಅಲ್ಲಿಗೆ ಬರ್ಬೇಕು. ನಾ ಎಲ್ಲಿ ನಿಂತಿರ್ತೇನಿ ಅಂತ ಒಮ್ಮೆನೂ ನೋಡದ ಗಂಡನ್ನ ಇಟ್ಕೊಂಡು ನಾ ಏನ್ ಮಾಡ್ಲಿ?"

"ತಾತಂಗೆ ಮಾತ್ ಕೊಟ್ಟಿದೀನಿ ಗೌತಮಿ. ಗಂಗಮ್ಮನ ಮುಂದೆ."

"ಗೊತ್ತೈತಿ. ಗೊತ್ತಿದ್ದೇ ಕೇಳಾಕತ್ತೇನಿ."

ಮೇಲೆ ಇನ್ನೊಂದು ಮೆಟ್ರೋ ಹಾದುಹೋಯಿತು. ಅವನು ಆರಿದ ಕಾಫಿಯನ್ನು ಒಂದೇ ಗುಟುಕಿಗೆ ಕುಡಿದು, ಇಬ್ಬರ ಲೋಟಗಳನ್ನೂ ತೊಳೆಯುವ ಕಡೆಗೆ ಒಯ್ದಿಟ್ಟ.

ಕಂಟೋನ್ಮೆಂಟ್ ಸ್ಟೇಷನ್ನಿನಲ್ಲಿ ಅವಳು ಕಿಟಕಿಯ ಪಕ್ಕ ಕುಳಿತಾಗ ಕೆಂಪರಾಜ ನೂರು ಮಾತುಗಳನ್ನು ಹುಡುಕಿ, "ನೀರಿನ ಬಾಟ್ಲಿ ಇದೆಯಾ?" ಎಂದು ಕೇಳಿದ. ಅವಳು ಅದನ್ನು ಎತ್ತಿ ತೋರಿಸಿದಳು. ರೈಲು ಹೊರಟಿತು. ಲತೀಫ ಆಟೋವನ್ನು ಚಾಲೂ ಮಾಡುತ್ತ, "ಭಾಯ್, ಬಾಟ್ಲಿ ಬಿಟ್ಟು ಬೇರೆ ಏನಾದ್ರೂ ಕೇಳ್ಬೋದಿತ್ತು," ಎಂದ.

*

ವಿರಹವನ್ನು ಬಣ್ಣಿಸಿದ ಹಿಂದಿನವರು ಚಂದ್ರನನ್ನು, ಕೋಗಿಲೆಯನ್ನು, ಮಲಯಮಾರುತವನ್ನು ದೂರಿದರು. ಕೆಂಪರಾಜನಿಗೆ ಅವಾವುವೂ ತೊಂದರೆ ಕೊಡಲಿಲ್ಲ. ಅವನಿಗೆ ಉಪದ್ರವವಾದದ್ದು ನೀರಿನ ಸದ್ದು. ವಾಲ್ವ್ ತಿರುಗಿಸಿದೊಡನೆ ನೆಲದಡಿಯಲ್ಲಿ ಓಡುವ ಸದ್ದು ಕೇಳಿದರೆ, ಇದು ಇನ್ನೆಷ್ಟು ದಿನಕ್ಕೆ ಅವಳ ಕಾಲಬುಡವನ್ನು ಮುಟ್ಟೀತು ಎಂದು ಎಣಿಸತೊಡಗುವನು. ಕೆರೆಗಳಲ್ಲಿ ಎಷ್ಟು ತಂಗೀತು, ಅಣೆಕಟ್ಟಿನಲ್ಲಿ ಎಷ್ಟು ನಿಂತೀತು, ಮರಳಿನಲ್ಲಿ ಎಷ್ಟು ಇಂಗೀತು? ಎಣಿಕೆ ಮುಗಿಯುವಷ್ಟರಲ್ಲಿ ಎರಡು ಗಂಟೆಯ ಸರದಿ ಮೂರಾಗಿರುತ್ತಿತ್ತು.

ಮೂರನೇ ಕ್ರಾಸಿನಲ್ಲಿ ಸಂಪುಗಳು ಉಕ್ಕಿ ಬೀದಿಗೆ ಹರಿದವು. ಐದನೇ ಕ್ರಾಸಿನಲ್ಲಿ ಖಾಲಿ ಕೊಡಗಳು ಸಾಲಾಗಿ ಕುಳಿತವು. ಒಂದು ದಿನ ವಾಲ್ವ್ ತೆರೆದು ಮುಚ್ಚುವುದನ್ನೇ ಮರೆತು ಮನೆಗೆ ಬಂದ.

"ಕೆಂಪರಾಜು, ಹಸಿರು ನೀರ್ ಬಂದಾಗಲೇ ನೀನ್ ಚೆನ್ನಾಗಿದ್ದೆ ಕಣಪ್ಪ," ಎಂದಳು ಲಕ್ಷ್ಮಿದೇವಿ. "ಆಗ ಬಣ್ಣ ಕೆಟ್ಟಿತ್ತು. ಈಗ ನಿನ್ ತಲೆ ಕೆಟ್ಟಿದೆ. ಹೋಗಿ ಆ ಹುಡುಗೀನ ಕರ್ಕೊಂಡ್ ಬಾ, ಇಲ್ಲ ಚಾವಿ ಇನ್ನೊಬ್ಬರಿಗೆ ಕೊಡು."

ಆ ದೂರು ಮುನಿವೆಂಕಟಪ್ಪನವರನ್ನೂ ಮುಟ್ಟಿತು. ಮಣೆಯ ಮೇಲೆ ಕುಳಿತು, ಮೊಮ್ಮಗ ತಟ್ಟೆಯ ಮುದ್ದೆಯನ್ನು ಮುರಿದು ಮುರಿದು ನುಂಗದೆ ಎದ್ದುಹೋಗುವುದನ್ನು ನೋಡುತ್ತಿದ್ದರು.

ಸೆಪ್ಟೆಂಬರಿನಲ್ಲಿ ಮಳೆ ಹಿಡಿಯಿತು. ಒಂದು ಸಂಜೆ ಗೌತಮಿಯ ಫೋನು ಬಂತು. ಕೆಂಪರಾಜ ಹಿಟ್ಟು ಮೆತ್ತಿದ ಕೈಯಲ್ಲಿ ಸ್ಪೀಕರಿಗೆ ಹಾಕಿದ.

"ಇಲ್ಲಿ ಒಂದ್ ಮಜಾ ನೋಡ್ರಿ," ಎಂದಳು. ದೂರದಿಂದ ಗಾಳಿಯ ಸದ್ದು. "ಬ್ಯಾಸಗಿಯಿಂದ ಅಳಿವಿ ಮುಚ್ಚಿಬಿಟ್ಟೈತಿ. ತೆರಿ ಮರಳು ತಂದು ತಂದು ಅಡ್ಡ ಗೋಡಿ ಕಟ್ಯಾವ. ನದಿ ಸಮುದ್ರದ ಮುಂದೇ ಬಂದು ನಿಂತೈತಿ, ಸೇರಾಕ ಆಗವಲ್ದು."

ಮುನಿವೆಂಕಟಪ್ಪನವರು ತಲೆಯೆತ್ತಿದರು. "ಏನಂದ್ಳು? ಕಟ್ಟೆ ಕಟ್ಟೈತಾ?"

"ಹೌದ್ರಿ ಅಜ್ಜಾರ. ಮರಳಿನ ಕಟ್ಟಿ."

"ಎಷ್ಟೆತ್ರ?"

"ಆಳೆತ್ರ ಐತ್ರಿ."

"ಹಿಂದೆ ನೀರ್ ನಿಂತೈತೋ, ಇಂಗ್ತಾ ಐತೋ?"

"ಕೆರಿಯಂಗ ನಿಂತೈತಿ. ಮ್ಯಾಲಿಂದ ನೀರು ಬಿಟ್ಟಾರಂತ, ಏರಾಕತ್ತೈತಿ. ನಾಡದ ಬೆಳಗ್ಗೆ ಮೀನುಗಾರ್ರು ಕೂಡಿ ಅಗದು ಬಾಯಿ ತಗೀತಾರ. ಇಲ್ಲಂದ್ರ ಅವರ ಮನಿಯೊಳಗ ನೀರು ಬರ್ತೈತಿ."

"ಅವ್ರಲ್ಲಿ ನೀರುಗಂಟಿ ಯಾರು?"

"ಯಾರೂ ಇಲ್ರಿ. ಎಲ್ಲಾರೂ ಅಗೀತಾರ."

ಧರ್ಮಶಾಸ್ತ್ರದ ಗಂಟೊಂದನ್ನು ಬಿಡಿಸುವ ಪಂಡಿತರ ಏಕಾಗ್ರತೆ ಮುದುಕರ ಹುಬ್ಬುಗಳಲ್ಲಿತ್ತು. ಕೊನೆಗೆ ಕೆಂಪರಾಜನ ಕಡೆ ತಿರುಗಿದರು.

"ಕಟ್ಟೆ ಐತೆ. ಹಿಂದೆ ನೀರು ನಿಂತೈತೆ. ಕೋಡಿ ಇಲ್ಲ, ತೂಬು ತೆಗಿಯೋನಿಲ್ಲ. ಅದು ಕೆರೆ ಕಣೋ. ನೀನ್ ಕೊಟ್ಟಿರೋ ಮಾತು ಸಮುದ್ರದ್ದು. ಕೆರೆಗೆ ಹೋಗ್ಬೇಡ ಅಂತ ನೀರುಗಂಟಿಗೆ ಯಾರೂ ಹೇಳಿಲ್ಲ. ಹೋಗ್ದೇ ಇದ್ರೇ ತಪ್ಪು."

"ತಾತ, ಆ ಕಟ್ಟೆ ಆಚೆ…"

"ನಿನ್ ಕೆಲ್ಸ ಕಟ್ಟೆ ಈಚೇದು. ಆಚೇದು ನಿನ್ ಕಣ್ಣಿಗೆ ಬಿಟ್ಟಿದ್ದು." ಅವರು ಚೊಂಬನ್ನೆತ್ತಿ ಅವನ ಕೈಗೆ ನೀರು ಬಿಟ್ಟರು. "ಅಳತೆ ಹೋಗ್ತದೆ ಅಂತ ನಿನ್ನ ಕಟ್ಟಾಕ್ದೆ. ನೋಡ್ದೇನೇ ಹೋಯ್ತಲ್ಲೋ ಅಳತೆ. ಇನ್ನ್ ಯಾತಕ್ಕೆ ಕಟ್ಟಾಕ್ಲಿ? ಕೈ ತೊಳ್ಕೊ. ಬಸ್ ನೋಡು."



*

ಹೊಸೂರು, ಕೃಷ್ಣಗಿರಿ, ತಿರುವಣ್ಣಾಮಲೈ. ಬಸ್ಸು ನಿಂತಲ್ಲೆಲ್ಲ ಅವನ ಕಾಲು ನಿಲ್ಲಲೊಲ್ಲದೆ ಕುಣಿಯುತ್ತಿತ್ತು. ತಿರುಕೋವಿಲೂರಿನ ಸೇತುವೆಯ ಮೇಲೆ ಕಂಡಕ್ಟರು ಹೊಳೆಯನ್ನು ತೋರಿಸಿದ. ಅಗಲವಾದ ಮರಳಿನ ನಡುವೆ ಕಂದುನೀರು ಬಾಗಿ ಬಾಗಿ ಹೋಗುತ್ತಿತ್ತು. ಪಿನಾಕವೆಂಬ ಶಿವನ ಬಿಲ್ಲಿನ ಹೆಸರನ್ನು ಆ ನದಿಗೆ ಇಟ್ಟವರು ಇಂಥದೇ ಬಾಗನ್ನು ಕಂಡಿರಬೇಕು. ಅದರಲ್ಲಿ ಮೂರನೇ ಕ್ರಾಸಿನ ನೀರು ಎಷ್ಟಿದ್ದೀತು? ಅವನು ಕಿಟಕಿಯ ಸರಳನ್ನು ಹಿಡಿದು ಕೈ ಮುಗಿಯುವುದನ್ನೂ ಮರೆತ. ಸೇತುವೆ ದಾಟಿದ ಮೇಲೆ ನೆನಪಾಗಿ, ಹಿಂದೆ ತಿರುಗಿ ಮುಗಿದ.

ಮರುದಿನ ಬೆಳಗ್ಗೆ ಅಳಿವೆಯಲ್ಲಿ ಇಪ್ಪತ್ತು ಮೂವತ್ತು ಜನ ಗುದ್ದಲಿ, ಮಂಕರಿ ಹಿಡಿದು ಸೇರಿದ್ದರು. ಮರಳಿನ ದಿಬ್ಬದ ನೆತ್ತಿಯ ಮೇಲೆ ಬಿಳಿಯ ಹೆಲ್ಮೆಟ್ಟೊಂದು ಕಂಡಿತು. ಆಚೆಯಿಂದ ದೊಡ್ಡ ಉಸಿರಿನಂಥ ಸದ್ದು ಬರುತ್ತಿತ್ತು. ಅವನು ದಿಬ್ಬವನ್ನೇರಲಿಲ್ಲ; ಹೊಳೆಯ ಬದಿಯಲ್ಲೇ ನಿಂತ. ಅವಳೇ ಇಳಿದು ಬಂದಳು. ಬಿಸಿಲಿಗೆ ಕಪ್ಪಾಗಿದ್ದಳು, ತುಟಿಗಳು ಉಪ್ಪುಗಾಳಿಗೆ ಒಡೆದಿದ್ದವು. ಅವಳ ನೋಟ ಅವನ ಮುಖಕ್ಕಿಂತ ಮೊದಲು ಅವನ ತೋಳಿಗೆ ಹೋಯಿತು. ಮಾಸಿದ ನಾಲ್ಕು ಹಸಿರು ಗುರುತುಗಳು ಅಲ್ಲಿಯೇ ಇದ್ದವು.

"ಬ್ಯಾರೆ ಅಂಗಿ ಇಲ್ಲೇನ್ರಿ?"

"ಇದೆ. ಇದನ್ನೇ ಹಾಕ್ಕೋಬೇಕು ಅನ್ನಿಸ್ತು."

"ಏನ್ ನೋಡಾಕ ಬಂದ್ರಿ?"

"ಕೆರೆ."

"ಕೆರಿ ಅಷ್ಟೇನಾ?"

ಅವನು ಅವಳನ್ನೇ ನೋಡಿದ. "ಕಟ್ಟೆ ಮೇಲೆ ಯಾರ್ ನಿಂತಿದಾರೆ ಅಂತಾನೂ."

ಅವಳ ಕೆಳದುಟಿ ಅದುರಿತು. ನಗಲು ಹೋದದ್ದೋ ಅಳಲು ಹೋದದ್ದೋ ಅವಳಿಗೇ ತಿಳಿದಂತೆ ಕಾಣಲಿಲ್ಲ.

ಮೀನುಗಾರರು ಹೊಳೆಯ ಬದಿಯಿಂದ ಅಗೆಯತೊಡಗಿದ್ದರು. ಕೆಂಪರಾಜನಿಗೆ ತಡೆಯಲಾಗಲಿಲ್ಲ. ಹಲಸೂರಿನ ತಮಿಳಿನಲ್ಲಿ ಕೂಗಿ ಹೇಳಿದ: ಈಚೆಯಿಂದ ತೆರೆದರೆ ನೀರು ಅರ್ಧಕ್ಕೇ ನುಗ್ಗಿ ಮರಳನ್ನು ಕಲಸಿಬಿಡುತ್ತದೆ, ಆಚೆಯ ತುದಿಯಿಂದ ಕಿರಿದಾಗಿ ಅಗೆಯುತ್ತ ಬನ್ನಿ, ಹೊಳೆಯ ಕಡೆಯ ಒಂದು ಮೊಳವನ್ನು ಕೊನೆಗೆ ಉಳಿಸಿ, ಮಿಕ್ಕದ್ದನ್ನು ನೀರೇ ಅಗಲಿಸಿಕೊಳ್ಳುತ್ತದೆ. ಮುದುಕನೊಬ್ಬ ಅವನ ಕೈಗಳ ಜಡ್ಡನ್ನು ನೋಡಿ ತಲೆದೂಗಿದ. ಎರಡು ತಾಸು ಕೆಲಸ ಹಾಗೆಯೇ ಸಾಗಿತು. ಕೆಂಪರಾಜ ತಲೆ ತಗ್ಗಿಸಿ ದಿಬ್ಬವೇರಿ, ಚೀಲವನ್ನು ಅಲ್ಲಿಟ್ಟು, ಸಮುದ್ರಕ್ಕೆ ಬೆನ್ನುಹಾಕಿಯೇ ಅಗೆದ. ಕೊನೆಯ ಮೊಳ ಉಳಿದಾಗ ಅದನ್ನು ಅವನೇ ಕಡಿಯಲೆಂದು ಮುದುಕ ತನ್ನ ಗುದ್ದಲಿಯನ್ನು ನೀಡಿದ.

"ನೀಯೇ ವೆಟ್ಟು, ತಂಬಿ."

ಕೆಂಪರಾಜ ಗುದ್ದಲಿಯನ್ನು ಕಣ್ಣಿಗೊತ್ತಿಕೊಂಡ. ಗಂಗಮ್ಮನನ್ನು ನೆನೆದ. ನಾಲ್ಕು ಏಟಿಗೆ ಮರಳು ಕುಸಿಯಿತು. ಮೊದಲು ಅಂಗೈಯಗಲ, ಆಮೇಲೆ ಮೊಳದಗಲ, ನೋಡನೋಡುತ್ತ ಬಾಗಿಲಗಲ. ಕಂದುನೀರು ಅವನ ಕಾಲುಗಳನ್ನು ಸವರಿಕೊಂಡು ಬೆನ್ನ ಹಿಂದಕ್ಕೆ ಧಾವಿಸಿತು. ಜನ ಕೇಕೆ ಹಾಕಿದರು.

ಅವನು ಹಾಗೆಯೇ ನಿಂತಿದ್ದ. ತೂಬು ತೆರೆದವನು ನೀರಿನ ಹಿಂದೆ ಹೋಗಿ, ಅದು ಕೊನೆಯ ಗದ್ದೆಯನ್ನು ಮುಟ್ಟಿತೇ ಎಂದು ಕಣ್ಣಾರೆ ನೋಡಬೇಕು. ತಾತ ಅವನಿಗೆ ಕಲಿಸಿದ ಮೊದಲ ಪಾಠವೇ ಅದು. ತೆರೆದು ಬೆನ್ನು ತಿರುಗಿಸಿದವನು ನೀರುಗಂಟಿಯಲ್ಲ.

"ಬ್ಯಾಡಂದ್ರ ಬ್ಯಾಡ್ರಿ," ಎಂದಳು ಗೌತಮಿ ಮೆಲ್ಲಗೆ. ಅವನೆದುರು, ಮೊಣಕಾಲುದ್ದ ನೀರಿನಲ್ಲಿ ನಿಂತಿದ್ದಳು. "ನೀವು ಬಂದ್ರಲ್ಲ, ನನಗ ಅಷ್ಟು ಸಾಕು. ನಾ ನೋಡಿ ಹೇಳ್ತೇನಿ."

ಅವನು ತಲೆಯಾಡಿಸಿದ. ಅವಳ ಕೈ ಹಿಡಿದುಕೊಂಡು ತಿರುಗಿದ.

ಕಂದು ನಾಲಗೆಯೊಂದು ನೀಲಿಯೊಳಗೆ ಚಾಚಿಕೊಂಡು ಹೋಗುತ್ತಿತ್ತು. ಅದರಾಚೆ ದಡವಿರಲಿಲ್ಲ, ಏರಿಯಿರಲಿಲ್ಲ. ನೋಡುತ್ತಿದ್ದಂತೆ ಹೊರಗಿನಿಂದ ಒಂದು ಉಬ್ಬರದ ಅಲೆ ಎದ್ದು, ಅವನು ತೆರೆದ ಬಾಗಿಲಿನೊಳಗೆ ನೆಟ್ಟಗೆ ನುಗ್ಗಿ, ಇಳಿದುಹೋಗುತ್ತಿದ್ದ ಹೊಳೆಯನ್ನು ತಬ್ಬಿ, ಇಬ್ಬರ ಸೊಂಟದವರೆಗೂ ಏರಿ ಬಂತು. ತುಟಿಗೆ ಸಿಡಿದ ಹನಿ ಉಪ್ಪಾಗಿತ್ತೋ ಸಿಹಿಯಾಗಿತ್ತೋ ಅವನಿಗೆ ಗೊತ್ತಾಗಲಿಲ್ಲ.

"ಏನ್ ಕಾಣಸ್ತೈತ್ರಿ?"

"ಕೊನೆ ಕಾಣ್ತಿಲ್ಲ," ಎಂದ ಕೆಂಪರಾಜ. ಆಶ್ಚರ್ಯದಿಂದ ಮತ್ತೆ ಹೇಳಿದ: "ಗೌತಮಿ, ಇಲ್ಲಿ ಕೊನೇನೇ ಇಲ್ಲ."

ಅವಳು ಅವನ ಒದ್ದೆ ತೋಳಿಗೆ ಹಣೆಯೊರಗಿಸಿದಳು. ಬೆರಳುಗಳು ತಾವಾಗಿಯೇ ಆ ನಾಲ್ಕು ಹಸಿರು ಗುರುತುಗಳ ಮೇಲೆ ಕುಳಿತವು.

"ನಿಮ್ಮಪ್ಪಾಜಿಗೆ ಯಾವಾಗ ಹೇಳ್ತೀರ?"

"ಇವತ್ತ. ನೀವೂ ಪಕ್ಕದಾಗ ಇರ್ರಿ. ಮತ್ತ ಬಾಟ್ಲಿ ಸುದ್ದಿ ತಗೀಬ್ಯಾಡ್ರಿ."

ದಿಬ್ಬದ ಮೇಲೆ ಬಿಟ್ಟು ಬಂದ ಚೀಲದಲ್ಲಿ ಅವನ ಫೋನು ಬಡಿದುಕೊಳ್ಳುತ್ತಿತ್ತು. ಗೌತಮಿ ಓಡಿಹೋಗಿ ತಂದಳು. ಲಕ್ಷ್ಮಿದೇವಿ.

"ಎಲ್ಲಿ ಸತ್ತೋದೆಯಪ್ಪ? ನಿನ್ ಬದ್ಲಿಗೆ ಬಂದವ್ನಿಗೆ ವಾಲ್ವ್ ಎಲ್ಲಿದೆ ಅಂತ್ಲೇ ಗೊತ್ತಿಲ್ಲ. ಅದೇನ್ ಸದ್ದು, ಅಷ್ಟೊಂದ್ ನೀರು ಎಲ್ಲಿ ಬಿಟ್ಟಿದೀಯ? ಮೂರನೇ ಕ್ರಾಸಿಗೆ ಯಾವಾಗ?"

ಕೆಂಪರಾಜ ಎದುರಿಗಿದ್ದ ಅಷ್ಟೂ ನೀರನ್ನು ಕಣ್ತುಂಬ ನೋಡಿದ. ಆಮೇಲೆ ಗೌತಮಿಯನ್ನು ನೋಡಿದ.

"ನಾಳಿದ್ದು ಬೆಳಗ್ಗೆ ಆರೂವರೆಗೆ, ಅಕ್ಕ," ಎಂದ. "ಎರಡು ಗಂಟೆ. ಒಂದ್ ನಿಮಿಷ ಜಾಸ್ತಿ ಇಲ್ಲ."